ಮನೆ ಸಾಲದ ಪೂರ್ತಿ ಲೆಕ್ಕ

ಕೊಯಮತ್ತೂರು, ತಿರುಪ್ಪೂರು ಜಿಲ್ಲೆಗಳಲ್ಲಿ ಕನ್ನಡ ಮನೆಮಾತಿನ ದೇವಾಂಗ ನೇಕಾರ ಕುಟುಂಬಗಳು ತಲೆಮಾರುಗಳಿಂದ ನೆಲೆಸಿವೆ. ಮನೆಯಲ್ಲೇ ಮಗ್ಗವಿರುವವರು ಮನೆಯನ್ನು ಅಡವಿಟ್ಟರೆ ಸೂರಿನೊಡನೆ ದುಡಿಮೆಯೂ ಅಡವಾದಂತೆಯೇ ಸರಿ. ಆದುದರಿಂದ ಸಹಿ ಹಾಕುವ ಮುನ್ನ ಪೂರ್ತಿ ಲೆಕ್ಕ ನೋಡುವುದು ವಿವೇಕ.

ಶೇಕಡಾ 9ರ ಬಡ್ಡಿಗೆ 20 ವರ್ಷದ ಅವಧಿಗೆ 20 ಲಕ್ಷ ರೂ. ಸಾಲ ಪಡೆದರೆ ತಿಂಗಳ ಕಂತು ಸುಮಾರು 18,000 ರೂ. ಮೊದಲ ಕಂತಿನಲ್ಲಿ 15,000 ರೂ. ಬಡ್ಡಿಗೇ ಸಲ್ಲುತ್ತದೆ. 10 ವರ್ಷ ತಪ್ಪದೆ ಕಟ್ಟಿದ ಮೇಲೂ 14 ಲಕ್ಷಕ್ಕೂ ಮಿಕ್ಕಿ ಅಸಲು ಬಾಕಿ ಇರುತ್ತದೆ. ಬಡ್ಡಿದರ ಬದಲಾಗದಿದ್ದರೂ ಒಟ್ಟು ತೆರುವುದು 43 ಲಕ್ಷಕ್ಕೂ ಹೆಚ್ಚು. ಅದನ್ನೇ 15 ವರ್ಷಗಳಲ್ಲಿ ತೀರಿಸುವುದಾದರೆ ಕಂತು ಸುಮಾರು 2,300 ರೂ. ಏರುತ್ತದೆ, ಆದರೆ ಆರೂವರೆ ಲಕ್ಷಕ್ಕೂ ಮಿಕ್ಕಿ ಉಳಿತಾಯವಾಗುತ್ತದೆ. ಕಂತು ಹಗುರವೆಂದು ಅವಧಿಯನ್ನು ಹಿಗ್ಗಿಸಿಕೊಳ್ಳುವವರು ಇದನ್ನು ಗಮನಿಸಬೇಕು.

ರಿಸರ್ವ್ ಬ್ಯಾಂಕಿನ ಆದೇಶದಂತೆ, 2024ರ ಅಕ್ಟೋಬರ್ 1ರಿಂದ ಮಂಜೂರಾಗುವ ಇಂತಹ ಸಾಲಗಳ ಒಟ್ಟು ವಾರ್ಷಿಕ ವೆಚ್ಚದ ದರ ಹಾಗೂ ಕಂತುಗಳ ಪಟ್ಟಿಯುಳ್ಳ ಮುಖ್ಯಾಂಶ ಪತ್ರವನ್ನು ಸಾಲಗಾರರಿಗೆ ತಿಳಿಯುವ ಭಾಷೆಯಲ್ಲೇ ಕೊಟ್ಟು ವಿವರಿಸಬೇಕು. ತಮಿಳು ಓದಬಲ್ಲ ಅಲ್ಲಿಯ ನಮ್ಮವರು ಅದನ್ನು ತಮಿಳಿನಲ್ಲಿ ಪಡೆಯಲಿ. ಮಲೆಯಾಳ ಓದಲಾರದ ಇಲ್ಲಿನವರು ಕನ್ನಡದಲ್ಲಿ ಕೇಳಲು ಸಂಕೋಚಪಡಬೇಕಾಗಿಲ್ಲ. ಓದಿ, ಅರ್ಥವಾದ ಬಳಿಕವೇ ಸಹಿ ಬೀಳಲಿ.