ಮಹಜರು ಹೊಲದಲ್ಲೇ ಆಗಲಿ

ಜಮೀನು, ನೀರಿನ ತಕರಾರು ಅಂದ ಮೇಲೆ ಸೋಲು ಗೆಲುವು ಇದ್ದದ್ದೇ. ನನ್ನ ಮಾತು ಕೇಳಿಸಿಕೊಂಡು ತೀರ್ಮಾನ ಮಾಡಿದರು ಅಂತಾದರೆ ಸೋತವನೂ ಹೇಗೋ ಸಹಿಸಿಕೊಳ್ತಾನೆ. ಆದರೆ ನಮ್ಮ ಕಡೆ ಎಷ್ಟೋ ಜನಕ್ಕೆ ತಕರಾರು ಇತ್ತು ಅನ್ನೋದೇ ಗೊತ್ತಾಗೋದು ಸೊಸೈಟಿ ಸಾಲಕ್ಕೆ ಪಹಣಿ ತೆಗೆಸಿದಾಗ. ಅಷ್ಟು ಹೊತ್ತಿಗೆ 9ನೇ ಕಾಲಂನಲ್ಲಿ ಬೇರೆ ಹೆಸರು ಕೂತಿರುತ್ತೆ.

ಕಾನೂನು ಹೀಗೆ ಹೇಳಿಲ್ಲ. 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 129ನೇ ಕಲಂ ಪ್ರಕಾರ, ಹಕ್ಕು ಬದಲಾವಣೆಯ ವರದಿ ಬಂದರೆ ಅದರ ನಕಲು ಚಾವಡಿಯಲ್ಲಿ ಅಂಟಿಸಬೇಕು. ಅಷ್ಟಕ್ಕೇ ಮುಗಿಯಲಿಲ್ಲ, ಪಹಣಿಯಲ್ಲಿ ಹೆಸರಿರೋರಿಗೆ, ಆ ಜಮೀನಿನಲ್ಲಿ ಹಕ್ಕುಬಾಧ್ಯತೆ ಇರೋರಿಗೆ ಬರವಣಿಗೆಯಲ್ಲೂ ತಿಳಿಸಬೇಕು. ಆಕ್ಷೇಪಣೆ ಬಂದರೆ ತಕರಾರು ವಹಿಯಲ್ಲಿ ಬರೆದುಕೊಂಡು, ವಿಚಾರಣೆ ನಡೆಸಿ ಆದೇಶ ಮಾಡಬೇಕು.

ನಡೆಯೋದು ಬೇರೆ. ನನಗೆ ಗೊತ್ತಿರುವ ಒಬ್ಬ ವಿಧವೆ. ಗಂಡ ತೀರಿಕೊಂಡ ಮೇಲೆ ಒಂದೂವರೆ ಎಕರೆ ಹೊಲದ ಪೌತಿ ಖಾತೆ ಮೈದುನರ ಹೆಸರಿಗೆ ಆಯ್ತು. ಮಹಜರು ಬರೆದದ್ದು ಟೀ ಅಂಗಡಿ ಬೆಂಚಿನ ಮೇಲೆ. ಸಹಿ ಹಾಕಿದ ನಾಲ್ಕು ಜನದಲ್ಲಿ ಒಬ್ಬರದೂ ಅಕ್ಕಪಕ್ಕ ಜಮೀನಿಲ್ಲ. ಆಕೆಯ ಹೆಸರಿನ ಮುಂದೆ ‘ಹಾಜರಿಲ್ಲ’ ಅಂತ ಬರೆದಿತ್ತು. ಆಯಮ್ಮ ಆವತ್ತು ಅದೇ ಹೊಲದಲ್ಲಿ ಹುರುಳಿ ಕೀಳ್ತಾ ಇದ್ದರು.

ಒಂದು ಸಲ ಹೆಸರು ಕೂತರೆ ಅದನ್ನ ಏಳಿಸೋದು ಸುಲಭ ಅಲ್ಲ. ಅದೇ ಕಾಯ್ದೆಯ 133ನೇ ಕಲಂ ಪ್ರಕಾರ, ತಪ್ಪು ಅಂತ ರುಜುವಾತು ಆಗೋ ತನಕ ಪಹಣಿಯಲ್ಲಿ ಇದ್ದದ್ದೇ ನಿಜ. ಹಂಗಾಗಿ ಯಾರ ಮಾತು ಕೇಳಲಿಲ್ಲವೋ ಅವರ ತಲೆ ಮೇಲೇ ರುಜುವಾತಿನ ಹೊರೆ. ಹೊಸಹೊಳಲಿನಿಂದ ಕೃಷ್ಣರಾಜಪೇಟೆ ತಾಲ್ಲೂಕು ಕಚೇರಿಗೆ ನಡೆದೇ ಹೋಗಬಹುದು. ಮೇಲ್ಮನವಿಗೆ ಪಾಂಡವಪುರದ ಉಪವಿಭಾಗಾಧಿಕಾರಿ ಹತ್ತಿರ ಹೋಗಬೇಕು, ಅದರ ಮೇಲೆ ಮಂಡ್ಯದ ಜಿಲ್ಲಾಧಿಕಾರಿ. ಕೊನೆಗೆ ‘ಮಾಲೀಕತ್ವ ನಾವು ತೀರ್ಮಾನ ಮಾಡಲ್ಲ, ಸಿವಿಲ್ ಕೋರ್ಟಿಗೆ ಹೋಗಿ’ ಅಂತಾರೆ. ಪ್ರತಿ ವಾಯಿದೆಗೆ ಒಂದು ದಿನದ ಕೂಲಿ, ಬಸ್ ಚಾರ್ಜು, ವಕೀಲರ ಫೀಸು ಎಲ್ಲ ಸೇರಿಸಿ ನೋಡಿ. ಒಂದೂವರೆ ಎಕರೆ ಖುಷ್ಕಿ ಜಮೀನು ಎಷ್ಟು ವಾಯಿದೆ ತಡೆದೀತು?

‘ಭೂಮಿ’ ಕಂಪ್ಯೂಟರ್ ಬಂದು ಕೈಬರಹದ ತಿದ್ದಾಟ ನಿಂತದ್ದು ಒಳ್ಳೇದೇ ಆಯ್ತು. ಆದರೆ ಕಂಪ್ಯೂಟರಿಗೆ ಬದು ಕಾಣಲ್ಲ, ಉಳೋರು ಯಾರು ಅಂತಲೂ ಕಾಣಲ್ಲ.

ನೀರಿನದು ಇನ್ನೂ ಕಷ್ಟ, ಯಾಕೆಂದರೆ ನೀರಿಗೆ ಪಹಣಿ ಇಲ್ಲ. ಬೇರೆಯವರ ಹೊಲದ ಮೇಲೆ ಹಾಯ್ದು ಬರೋ ಕಾಲುವೆಯನ್ನು 20 ವರ್ಷ ತಡೆಯಿಲ್ಲದೆ, ಬಹಿರಂಗವಾಗಿ, ಹಕ್ಕಿನಿಂದ ಬಳಸಿದ್ದರೆ 1882ರ ಅನುಭೋಗದ ಹಕ್ಕಿನ ಕಾಯ್ದೆ ಅದನ್ನು ಹಕ್ಕು ಅಂತ ಒಪ್ಪುತ್ತೆ. ಆ 20 ವರ್ಷಕ್ಕೆ ಸಾಕ್ಷಿ ಯಾವ ಕಚೇರಿಯ ಬೀರುವಿನಲ್ಲೂ ಇಲ್ಲ. ನೀರುಗಂಟಿ, ಅಕ್ಕಪಕ್ಕದ ಹೊಲದೋರು, ನೀರು ಹರಿದು ಸವೆದ ಗುರುತು, ಇವೇ ಸಾಕ್ಷಿ. ಸ್ಥಳಕ್ಕೆ ಬಾರದೆ ಇದನ್ನ ಕೇಳೋದು ಹೇಗೆ?

ಸ್ಪೇನ್ ದೇಶದ ವೆಲೆನ್ಸಿಯಾ ಊರಿನಲ್ಲಿ ಕಾಲುವೆ ರೈತರೇ ಆರಿಸಿದ ನೀರಿನ ನ್ಯಾಯಮಂಡಳಿ ಇದೆ. ಪ್ರತಿ ಗುರುವಾರ ಮಧ್ಯಾಹ್ನ ಅಲ್ಲಿನ ದೊಡ್ಡ ಚರ್ಚಿನ ಬಾಗಿಲಲ್ಲಿ, ಜನರ ಎದುರಿಗೇ, ಬಾಯಿಮಾತಿನಲ್ಲಿ ವಿಚಾರಣೆ ನಡೆಯುತ್ತೆ. 2009ರಲ್ಲಿ ಯುನೆಸ್ಕೋ ಅದನ್ನು ಪರಂಪರೆಯ ಪಟ್ಟಿಗೆ ಸೇರಿಸಿತು. ನಮ್ಮೂರಿನಲ್ಲೂ ಹೊಯ್ಸಳರ ಕಾಲದ ಲಕ್ಷ್ಮೀನಾರಾಯಣನ ಗುಡಿ ಇದೆ, ಬಾಗಿಲಿಗೇನೂ ಬರವಿಲ್ಲ! ಹಾಗಂತ ಹಳೇ ಪಂಚಾಯ್ತಿ ಕಟ್ಟೆಗೇ ವಾಪಸ್ ಹೋಗಿ ಅಂದರೆ ನಾನು ಒಪ್ಪಲ್ಲ. ಆ ಕಟ್ಟೆ ಮೇಲೆ ಹೆಂಗಸರನ್ನ, ದಲಿತರನ್ನ ಯಾರು ಕೇಳಿದ್ದರು? ಅಧಿಕಾರಿಯೇ ಬರಲಿ, ಕಾನೂನು ಪ್ರಕಾರವೇ ಕೇಳಲಿ, ಕೇಳೋ ಜಾಗ ಮಾತ್ರ ಹೊಲ ಆಗಿರಲಿ.

ಮಹಜರಿನ ದಿನವನ್ನು ಒಂದು ವಾರ ಮುಂಚೆ ಎರಡೂ ಕಡೆಯೋರ ಕೈಗೆ ಚೀಟಿ ಕೊಟ್ಟು ತಿಳಿಸಬೇಕು. ಬರೆದದ್ದನ್ನು ಅಲ್ಲೇ ನಿಂತು ಗಟ್ಟಿಯಾಗಿ ಓದಿ ಹೇಳಬೇಕು, ಓದಲು ಬಾರದೋರು ನಮ್ಮಲ್ಲಿ ಇನ್ನೂ ಇದ್ದಾರೆ. ಚೆಕ್ಕುಬಂದಿಯೋರ ಸಹಿ ಇಲ್ಲದ ಮಹಜರನ್ನು ಕಡತಕ್ಕೆ ಸೇರಿಸಬಾರದು. ಆದೇಶದಲ್ಲಿ ಯಾರು ಏನು ಹೇಳಿದರು, ಯಾವುದನ್ನು ಯಾಕೆ ಒಪ್ಪಲಿಲ್ಲ ಅಂತ ಕನ್ನಡದಲ್ಲಿ ಬರೆದಿರಬೇಕು. ಸೋತವನಿಗೆ ನಕಲು ಅವತ್ತೇ ಸಿಗಬೇಕು, ಇಲ್ಲದಿದ್ದರೆ ಮೇಲ್ಮನವಿಯ ಗಡುವು ಅಲೆದಾಟದಲ್ಲೇ ಕಳೆದುಹೋಗುತ್ತೆ.

ಇಷ್ಟನ್ನು ಅರ್ಜಿಯಾಗಿ ಬರೆದು ಮುಂದಿನ ಗ್ರಾಮಸಭೆಯಲ್ಲಿ ಇಡ್ತೀನಿ. ನಾಗಮಂಗಲ, ಶ್ರೀರಂಗಪಟ್ಟಣದ ಕಡೆಯ ರೈತರೂ ಇಡಲಿ, ನಮ್ಮ ನಾಲ್ಕೂ ತಾಲ್ಲೂಕಿನ ಮೇಲ್ಮನವಿ ಹೋಗೋದು ಅದೇ ಪಾಂಡವಪುರಕ್ಕೆ.