ಸೀಟು ಖಾಲಿ, ಕೇಸು ಬಾಕಿ

2019ರ ಜುಲೈ 28ರಿಂದ 2021ರ ಮೇ 2ರವರೆಗೆ ರಾಯಚೂರು ಜಿಲ್ಲೆಯ ಮಸ್ಕಿ ಕ್ಷೇತ್ರಕ್ಕೆ ಶಾಸಕರೇ ಇರಲಿಲ್ಲ. ತೆರವಾದ ಸ್ಥಾನಕ್ಕೆ ಆರು ತಿಂಗಳೊಳಗೆ ಉಪಚುನಾವಣೆ ನಡೆಸಬೇಕೆನ್ನುತ್ತದೆ ಜನತಾ ಪ್ರಾತಿನಿಧ್ಯ ಕಾಯ್ದೆಯ 151ಎ ಕಲಂ. ಚುನಾವಣಾ ತಕರಾರು ಅರ್ಜಿಯನ್ನು ಆರು ತಿಂಗಳಲ್ಲಿ ಮುಗಿಸಲು ಹೈಕೋರ್ಟ್ ಯತ್ನಿಸಬೇಕೆನ್ನುತ್ತದೆ ಅದೇ ಕಾಯ್ದೆಯ 86ನೇ ಕಲಂ. ಮಸ್ಕಿಯ ಪಾಲಿಗೆ ಎರಡೂ ಪುಸ್ತಕದ ಬದನೆಕಾಯಿ.

2018ರಲ್ಲಿ ಕಾಂಗ್ರೆಸ್‌ನ ಪ್ರತಾಪಗೌಡ ಪಾಟೀಲರು ಬಿಜೆಪಿಯ ಬಸನಗೌಡ ತುರುವಿಹಾಳರ ವಿರುದ್ಧ 213 ಮತಗಳಿಂದ ಗೆದ್ದರು. ಸೋತವರು ಹೈಕೋರ್ಟ್ ಮೆಟ್ಟಿಲೇರಿದರು. ಮರುವರ್ಷ ಗೆದ್ದವರು ರಾಜೀನಾಮೆ ಬರೆದು ಮುಂಬೈ ಹೋಟೆಲ್ ಸೇರಿದರು, ಅವರನ್ನು ಸ್ಪೀಕರ್ ರಮೇಶ್ ಕುಮಾರ್ ಅನರ್ಹಗೊಳಿಸಿದರು. ಹೀಗೆ ಅನರ್ಹತೆಯಿಂದ ತೆರವಾದ ಒಟ್ಟು 17 ಸ್ಥಾನಗಳಲ್ಲಿ 15ಕ್ಕೆ ಆ ಡಿಸೆಂಬರ್ 5ರಂದು ಮತದಾನವಾಯಿತು. ತಕರಾರು ಅರ್ಜಿ ಬಾಕಿಯಿದೆಯೆಂದು ಬೆಂಗಳೂರಿನ ರಾಜರಾಜೇಶ್ವರಿ ನಗರವನ್ನೂ ಮಸ್ಕಿಯನ್ನೂ ಚುನಾವಣಾ ಆಯೋಗ ಕೈಬಿಟ್ಟಿತು.

ಅಷ್ಟರಲ್ಲಿ ಮಸ್ಕಿಯ ತಕರಾರಿನಲ್ಲಿ ಉಳಿದಿದ್ದಾದರೂ ಏನು? ಯಾರ ಆಯ್ಕೆ ರದ್ದಾಗಬೇಕಿತ್ತೋ ಅವರು ಶಾಸಕರಾಗಿಯೇ ಇರಲಿಲ್ಲ. ಅರ್ಜಿ ಹಾಕಿದವರನ್ನು ಬಿಜೆಪಿ ಸರ್ಕಾರ ತುಂಗಭದ್ರಾ ಅಚ್ಚುಕಟ್ಟು ಪ್ರದೇಶಾಭಿವೃದ್ಧಿ ಪ್ರಾಧಿಕಾರದ (ಕಾಡಾ) ಅಧ್ಯಕ್ಷರನ್ನಾಗಿ ಕೂರಿಸಿತ್ತು. ಪಾಟೀಲರೂ ಬಿಜೆಪಿಗೇ ಬಂದರು. ವಾದಿ ಪ್ರತಿವಾದಿ ಇಬ್ಬರೂ ಒಂದೇ ಪಕ್ಷದಲ್ಲಿ, ಮತದಾರ ಮಾತ್ರ ಬೀದಿಯಲ್ಲಿ.

ಬೀದಿಯೆಂದರೆ ಬೀದಿಯೇ. 2020ರ ಕೊನೆಯಲ್ಲಿ ಕ್ಷೇತ್ರದ ಪಾಮನಕಲ್ಲೂರಿನಲ್ಲಿ ರೈತರು ನಾರಾಯಣಪುರ ಬಲದಂಡೆಯ 5ಎ ಕಾಲುವೆಗಾಗಿ ಧರಣಿ ಕೂತರು. ತಿಂಗಳುಗಟ್ಟಲೆ ಕೂತರು. ಅವರ ಮನವಿ ಪತ್ರ ಹಿಡಿದು ಸದನದಲ್ಲಿ ಎದ್ದು ನಿಲ್ಲಬೇಕಾದವರ ಕುರ್ಚಿಯೇ ಖಾಲಿ.

ಆಯೋಗದ ವಾದದಲ್ಲಿ ಹುರುಳಿಲ್ಲವೆನ್ನಲಾರೆ. ಅರ್ಜಿದಾರರೇ ಗೆದ್ದರೆಂದು ಕೋರ್ಟ್ ಘೋಷಿಸಿಬಿಟ್ಟರೆ ಒಂದೇ ಸೀಟಿಗೆ ಇಬ್ಬರು ಬರುತ್ತಾರೆ. ರಾಜೀನಾಮೆ ಕೊಟ್ಟ ಮಾತ್ರಕ್ಕೆ ತಕರಾರು ಅಳಿಯದೆಂದು 1967ರಲ್ಲೇ ಸಂಜೀವಯ್ಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಸರಿಯೇ, ಇಲ್ಲದಿದ್ದರೆ ಅಕ್ರಮ ಎಸಗಿದವರೆಲ್ಲ ರಾಜೀನಾಮೆ ಬಿಸಾಕಿ ಪಾರಾದಾರು. ಆದರೆ ಆಗ ಉಪಚುನಾವಣೆಗೆ ಆರು ತಿಂಗಳ ಗಡುವೇ ಇರಲಿಲ್ಲ. 151ಎ ಬಂದದ್ದು 1996ರಲ್ಲಿ. ಅದರಲ್ಲಿ ಕಾಣಿಸಿರುವ ವಿನಾಯಿತಿಗಳಲ್ಲಿ 'ಕೇಸು ಬಾಕಿ' ಎಂಬುದು ಎಲ್ಲಿದೆ? ಕೋವಿಡ್ ಹೆಸರು ಹೇಳುವವರಿಗೆ ಇಷ್ಟು: ಅದೇ ಕೋವಿಡ್ ನಡುವೆ 2020ರ ನವೆಂಬರ್ 3ರಂದು ರಾಜರಾಜೇಶ್ವರಿ ನಗರ ಮತ ಹಾಕಿತು. ಬೆಂಗಳೂರಿಗೆ ಸಿಕ್ಕಿದ ದಾರಿ ರಾಯಚೂರಿಗೆ ಸಿಗಲು ಇನ್ನೂ ಐದು ತಿಂಗಳು ಬೇಕಾಯಿತು.

ಮುಂದೆ ಹೀಗಾಗದಿರಲು, ಸ್ಥಾನ ತೆರವಾದ 30 ದಿನದೊಳಗೆ ಹೈಕೋರ್ಟ್ ಅರ್ಜಿದಾರರನ್ನು ಕರೆದು ಕೇಳಲಿ: ನಿಮಗೆ ಈ ಸೀಟು ಬೇಕೋ ಬೇಡವೋ? ಬೇಕೆಂದರೆ ದಿನಂಪ್ರತಿ ವಿಚಾರಣೆ. ಬೇಡವೆಂದರೆ ಅಕ್ರಮದ ಆರೋಪ ತನ್ನ ಪಾಡಿಗೆ ನಡೆಯಲಿ, ಚುನಾವಣೆ ನಡೆದುಹೋಗಲಿ. ಕಾಯ್ದೆಗೆ ಒಂದು ಉಪಕಲಂ ಸೇರಿಸಿದರೆ ಆಗುವ ಕೆಲಸ.

ಕೊನೆಗೆ 2021ರ ಏಪ್ರಿಲ್ 17ರಂದು ಮತದಾನವಾಯಿತು. ಅದೇ ಇಬ್ಬರು, ಪಕ್ಷ ಮಾತ್ರ ಅದಲುಬದಲು. ಕಾಂಗ್ರೆಸ್‌ನಿಂದ ನಿಂತ ತುರುವಿಹಾಳರು 30 ಸಾವಿರಕ್ಕೂ ಹೆಚ್ಚು ಮತಗಳ ಅಂತರದಿಂದ ಗೆದ್ದರು. ವಿಧಾನಸಭೆಯ ಅವಧಿಯಲ್ಲಿ ಅವರ ಪಾಲಿಗೆ ಉಳಿದಿದ್ದು ಎರಡು ವರ್ಷ.