ಚಿತ್ರ ನೋಡಲು ವಿಮಾನದ ಟಿಕೆಟ್ ಬೇಕೆ?

ದೇವನಹಳ್ಳಿಯ ನೆಲದ ಮೇಲೆ 2008ರಲ್ಲಿ ವಿಮಾನ ನಿಲ್ದಾಣ ಬಂತು. ಅದರ ಎರಡನೆಯ ಟರ್ಮಿನಲ್ 2022ರ ನವೆಂಬರಿನಲ್ಲಿ ಉದ್ಘಾಟನೆಯಾಯಿತು. ಒಳಗೆ ಕರ್ನಾಟಕದ ಕಲೆ, ಕರಕುಶಲ ಪರಂಪರೆಯನ್ನು ತೋರಿಸುವ ಕೃತಿಗಳನ್ನು ಇಟ್ಟಿದ್ದಾರೆ. ಸಂತೋಷದ ಸಂಗತಿಯೇ. ಆದರೆ ಭದ್ರತಾ ತಪಾಸಣೆ ದಾಟಿ ಒಳಗೆ ಹೋಗಬೇಕಾದರೆ ಕೈಯಲ್ಲಿ ವಿಮಾನದ ಟಿಕೆಟ್ ಇರಬೇಕು. ನಿಲ್ದಾಣಕ್ಕೆ ಜಮೀನು ಕೊಟ್ಟ ರೈತನ ಮೊಮ್ಮಗಳು ಆ ಚಿತ್ರಗಳನ್ನು ನೋಡಲು ಯಾವ ದೇಶಕ್ಕೆ ಹಾರಬೇಕು?

ಬೆಂಗಳೂರು ಗ್ರಾಮಾಂತರ ಜಿಲ್ಲೆ 1986ರಲ್ಲಿ ಹುಟ್ಟಿತು. 2025ರ ಜುಲೈನಲ್ಲಿ ಸಚಿವ ಸಂಪುಟ ಇದರ ಹೆಸರನ್ನು ‘ಬೆಂಗಳೂರು ಉತ್ತರ’ ಎಂದು ಬದಲಿಸಲು ತೀರ್ಮಾನಿಸಿತು. ಹೆಸರಿಗೆ ನಗರ ಬಂತು. ನಗರದ ಕಸ, ನಗರದ ಗೋದಾಮು, ನಗರದ ಲೇಔಟು ಮೊದಲೇ ಬಂದಿದ್ದವು. ಬಾರದೇ ಉಳಿದದ್ದು ಒಂದು ಚಿತ್ರಶಾಲೆ. ದೊಡ್ಡಬಳ್ಳಾಪುರ, ದೇವನಹಳ್ಳಿ, ಹೊಸಕೋಟೆ, ನೆಲಮಂಗಲ, ಈ ನಾಲ್ಕು ತಾಲೂಕುಗಳಲ್ಲಿ ಮಕ್ಕಳ ಕೈಹಿಡಿದು ಹೋಗಬಹುದಾದ ಒಂದು ಸಾರ್ವಜನಿಕ ಕಲಾ ಗ್ಯಾಲರಿಯನ್ನು ನಾವಿನ್ನೂ ಕಂಡಿಲ್ಲ.

ಇದನ್ನು ಬರೆಯುವಾಗ ನಮಗೆ ನೆನಪಾಗುವವರು ಪ್ರೊ. ಎಂ.ಎಸ್. ನಂಜುಂಡರಾವ್. ಕರ್ನಾಟಕ ಚಿತ್ರಕಲಾ ಪರಿಷತ್ತು 1960ರಲ್ಲಿ ಆರಂಭವಾದಾಗ ಅದಕ್ಕೆ ಬೆನ್ನೆಲುಬಾಗಿ ನಿಂತವರು. 1964ರಲ್ಲಿ ಚಿತ್ರಕಲಾ ವಿದ್ಯಾಲಯ ಶುರುವಾಯಿತು. ಸರ್ಕಾರದಿಂದ ಕುಮಾರಕೃಪಾ ರಸ್ತೆಯಲ್ಲಿ ಜಾಗ ಪಡೆದು, ಉದ್ಯಮಿ ಕೇಜ್ರಿವಾಲ್ ಅವರಂಥವರ ನೆರವು ಪಡೆದು, ಪ್ರಧಾನ ಕಾರ್ಯದರ್ಶಿಯಾಗಿ ದಶಕಗಳ ಕಾಲ ದುಡಿದು ಅವರು ಒಂದು ಸಂಸ್ಥೆಯನ್ನು ಬೆಳೆಸಿದರು. ರೋರಿಕ್ ಅವರ ಚಿತ್ರಗಳೂ ಕೇಜ್ರಿವಾಲ್ ಸಂಗ್ರಹವೂ ಅಲ್ಲಿ ನೆಲೆ ಕಂಡವು. ಇಂದು ಅವರ ಹೆಸರಿನಲ್ಲಿ ಪರಿಷತ್ತು ಪ್ರಶಸ್ತಿ ಕೊಡುತ್ತದೆ.

ಆದರೆ ಪ್ರಶಸ್ತಿಗಿಂತ ದೊಡ್ಡದಾದ ಅವರ ಕೆಲಸ ಬೇರೆ ಇದೆ. ಅವರು ತೊಗಲುಗೊಂಬೆಗಳ ಹಿಂದೆ ಬಿದ್ದವರು. ಹಳೆಯ ಗೊಂಬೆಗಳು ದಲ್ಲಾಳಿಗಳ ಕೈಸೇರಿ ವಿದೇಶದ ಸಂಗ್ರಹಗಳಿಗೆ ಸಾಗುತ್ತಿದ್ದ ಕಾಲದಲ್ಲಿ ಕಿಳ್ಳೇಕ್ಯಾತರ ಗೊಂಬೆಗಳನ್ನು ಪರಿಷತ್ತಿಗೆ ತಂದು ಕೂಡಿಟ್ಟರು, ಅವುಗಳ ಬಗ್ಗೆ ಪುಸ್ತಕ ಬರೆದರು. ಮೈಸೂರು ಸಾಂಪ್ರದಾಯಿಕ ಚಿತ್ರಗಳನ್ನು ಹುಡುಕಿ ದಾಖಲಿಸುವ ಕೆಲಸವನ್ನೂ ಮಾಡಿದರು. ಕಲಾ ಇತಿಹಾಸಕಾರ ಎಂದರೆ ಲಂಡನ್ ಪ್ಯಾರಿಸ್ಸಿನ ಹೆಸರು ಹೇಳುವವನು ಎಂದು ನಂಬಿದ್ದ ಕಾಲದಲ್ಲಿ, ಊರೂರು ಅಲೆಯುವ ಬಡ ಆಟಗಾರನ ಪೆಟ್ಟಿಗೆಯಲ್ಲೂ ಇತಿಹಾಸವಿದೆ ಎಂದು ತೋರಿಸಿಕೊಟ್ಟವರು ಅವರು.

ತೊಗಲುಗೊಂಬೆಗಳಲ್ಲಿ ಒಂದು ಪದ್ಧತಿಯಿದೆ. ದೇವರು, ರಾಜರ ಗೊಂಬೆ ದೊಡ್ಡದು. ಸಾಮಾನ್ಯನ ಗೊಂಬೆ ಚಿಕ್ಕದು. ನಮ್ಮ ಕಲಾ ಆಡಳಿತವೂ ಈ ಪದ್ಧತಿಯನ್ನೇ ಪಾಲಿಸುತ್ತಿದೆಯಲ್ಲವೆ? ಕಸ್ತೂರ್ಬಾ ರಸ್ತೆಯಲ್ಲಿ ವೆಂಕಟಪ್ಪ ಆರ್ಟ್ ಗ್ಯಾಲರಿ. ಅದೇ ರಸ್ತೆಯಲ್ಲಿ 2023ರಲ್ಲಿ ತೆರೆದ ಕಲೆ ಮತ್ತು ಛಾಯಾಚಿತ್ರಗಳ ಖಾಸಗಿ ಮ್ಯೂಸಿಯಂ. ಅರಮನೆ ರಸ್ತೆಯ ಮಾಣಿಕ್ಯವೇಲು ಮಹಲಿನಲ್ಲಿ 2009ರಿಂದ ರಾಷ್ಟ್ರೀಯ ಆಧುನಿಕ ಕಲಾ ಗ್ಯಾಲರಿ. ಕುಮಾರಕೃಪಾ ರಸ್ತೆಯಲ್ಲಿ ಪರಿಷತ್ತು. ಎಲ್ಲವೂ ಒಂದೇ ಆಟೋದಲ್ಲಿ ಸುತ್ತಿ ಮುಗಿಸುವಷ್ಟು ಹತ್ತಿರ. ವೆಂಕಟಪ್ಪ ಗ್ಯಾಲರಿಯನ್ನು ಖಾಸಗಿ ಪ್ರತಿಷ್ಠಾನದ ಕೈಗೆ ಕೊಡುವ ಒಪ್ಪಂದವಾದಾಗ 2015-16ರಲ್ಲಿ ಕಲಾವಿದರು ಬೀದಿಗಿಳಿದರು. ಸರಿಯಾದ ಹೋರಾಟ. ಸಾರ್ವಜನಿಕರ ಗೋಡೆ ಸಾರ್ವಜನಿಕರಿಗೇ ಉಳಿಯಬೇಕು ಎಂದರು. ಆ ಸಾರ್ವಜನಿಕರಲ್ಲಿ ದೊಡ್ಡಬಳ್ಳಾಪುರದ ಮಗ್ಗದವನೂ ಇದ್ದಾನೆಯೆ ಎಂಬುದು ನಮ್ಮ ಪ್ರಶ್ನೆ.

ಒಮ್ಮೆ ನಾವು ವಿಜಯಪುರದ ರೇಷ್ಮೆ ನೂಲು ತೆಗೆಯುವ ಮನೆಯೊಂದರ ಮಕ್ಕಳನ್ನೂ ಅವರ ಖಾಲಾನನ್ನೂ ಕರೆದುಕೊಂಡು ನಗರದ ಒಂದು ಗ್ಯಾಲರಿಗೆ ಹೋಗಿದ್ದೆವು. ಬಾಗಿಲಲ್ಲಿದ್ದ ಕಾವಲುಗಾರ ಬುರ್ಖಾ ತೊಟ್ಟ ಆ ಹೆಂಗಸನ್ನು ಮೇಲಿಂದ ಕೆಳಗೆ ನೋಡಿ, “ಯಾರನ್ನ ನೋಡ್ಬೇಕಮ್ಮ?” ಎಂದ. “ಚಿತ್ರ ನೋಡ್ಬೇಕು ಕಣಪ್ಪ” ಎಂದರು ಖಾಲಾ. ಅವನ ತಪ್ಪಿಲ್ಲ. ಅಂಥವರು ಚಿತ್ರ ನೋಡಲು ಬಂದದ್ದನ್ನು ಅವನು ಕಂಡಿರಲಾರ. ಒಳಗೆ ಹೋದ ಖಾಲಾ ಒಂದು ಚಿತ್ರದ ಮುಂದೆ ಬಹಳ ಹೊತ್ತು ನಿಂತರು. ಹೊರಗೆ ಬಂದ ಮೇಲೆ, “ಆ ಹಳದಿ ನಮ್ಮ ಗೂಡಿನ ಬಣ್ಣಾನೇ” ಎಂದರು. ಬಣ್ಣ ಗುರುತಿಸುವ ಕಣ್ಣು ಅವರಿಗೆ ಯಾವ ಕಾಲೇಜಿನಿಂದ ಬಂತು?

ರೈತನಿಗೆ ಬೇಕಾದದ್ದು ನೀರು, ಚಿತ್ರವಲ್ಲ ಎಂದು ಹೇಳುವವರಿದ್ದಾರೆ. ನೀರೂ ಬೇಕು. ಆದರೆ ಬಡವನ ಹೆಸರಿನಲ್ಲಿ ಬಡವನಿಗೆ ಬೇಡವೆನ್ನುವ ಈ ಮಾತನ್ನು ಆಡುವವರ ಮನೆಯ ಗೋಡೆಗಳಲ್ಲಿ ಚಿತ್ರ ತೂಗುತ್ತಿರುತ್ತದೆ. ಸುಗ್ಗಿ ಮುಗಿದ ಮೇಲೆ ರಾತ್ರಿಯಿಡೀ ತೊಗಲುಗೊಂಬೆ ಆಟ ನೋಡಿದವರು ರೈತರೇ. ಆ ಗೊಂಬೆಗಳು ಇಂದು ನಗರದ ಗಾಜಿನ ಪೆಟ್ಟಿಗೆಯಲ್ಲಿ ಕ್ಷೇಮವಾಗಿವೆ. ನೋಡುತ್ತಿದ್ದವರ ಮಕ್ಕಳು ಹೊರಗಿದ್ದಾರೆ. ಗೊಂಬೆಯನ್ನು ಉಳಿಸಿದ್ದು ನಂಜುಂಡರಾಯರ ಪಾಲಿನ ಕೆಲಸ. ಅದನ್ನು ಮರಳಿ ಊರಿಗೆ ಒಯ್ದು ತೋರಿಸುವುದು ಅವರ ನಂತರದವರ ಪಾಲಿನದು. ಅದು ಬಾಕಿಯಿದೆ.

ಇನ್ನು ನಮ್ಮ ಸಮುದಾಯದ ಮಾತು. “ಚಿತ್ರಕ್ಕೂ ನಮಗೂ ಏನು ಸಂಬಂಧ?” ಎಂದು ಕೇಳುವವರು ನಮ್ಮಲ್ಲಿ ಕಡಿಮೆಯಿಲ್ಲ. ಜೀವಿಗಳ ಚಿತ್ರದ ಬಗ್ಗೆ ಉಲೇಮಾಗಳ ನಡುವೆ ಚರ್ಚೆಯಿದೆ, ಅದನ್ನು ನಾವು ಅಗೌರವದಿಂದ ಕಾಣುವುದಿಲ್ಲ. ಆದರೆ ಆ ಚರ್ಚೆಯನ್ನು ಅಜ್ಞಾನಕ್ಕೆ ಹೊದಿಕೆ ಮಾಡಿಕೊಳ್ಳುವುದು ಬೇಡ. ಬಿಜಾಪುರದ ಆದಿಲ್‌ಶಾಹಿಗಳ ಕಾಲದಲ್ಲಿ, 1570ರಲ್ಲಿ ಸಿದ್ಧವಾದ ‘ನುಜೂಮ್ ಉಲ್ ಉಲೂಮ್’ ಎಂಬ ಸಚಿತ್ರ ಹಸ್ತಪ್ರತಿ ಇಂದು ಐರ್ಲೆಂಡಿನ ಡಬ್ಲಿನ್‌ನಲ್ಲಿದೆ. ನಮ್ಮಲ್ಲಿ ಎಷ್ಟು ಜನ ಅದರ ಹೆಸರು ಕೇಳಿದ್ದೇವೆ?

ಟಿಪ್ಪು ಹುಟ್ಟಿದ್ದು ದೇವನಹಳ್ಳಿಯಲ್ಲಿ. ಸರ್ಕಾರ 2015ರಲ್ಲಿ ಜಯಂತಿ ಶುರುಮಾಡಿತು, 2019ರಲ್ಲಿ ಇನ್ನೊಂದು ಸರ್ಕಾರ ನಿಲ್ಲಿಸಿತು. ಫ್ಲೆಕ್ಸಿನ ಮೇಲಿನ ಟಿಪ್ಪುವಿಗಾಗಿ ಒಬ್ಬರು ಜೈಕಾರ ಹಾಕಿದರು, ಇನ್ನೊಬ್ಬರು ಅದನ್ನು ಹರಿದರು. ಆದರೆ ಶ್ರೀರಂಗಪಟ್ಟಣದಲ್ಲಿ ಟಿಪ್ಪು 1784ರಲ್ಲಿ ಕಟ್ಟಿಸಿದ ದರಿಯಾ ದೌಲತ್‌ನ ಗೋಡೆಯ ಮೇಲೆ 1780ರ ಪೊಳ್ಳಿಲೂರು ಯುದ್ಧದ ದೊಡ್ಡ ಚಿತ್ರವಿದೆ. ಹೈದರ್, ಟಿಪ್ಪು ಆನೆ ಕುದುರೆಗಳೊಡನೆ ಬರುತ್ತಿದ್ದಾರೆ. ಸೋತ ಇಂಗ್ಲಿಷ್ ಅಧಿಕಾರಿ ಬೇಲಿ ಪಲ್ಲಕ್ಕಿಯಲ್ಲಿ ಕುಳಿತಿದ್ದಾನೆ. ಫ್ಲೆಕ್ಸಿಗಾಗಿ ಬಡಿದಾಡಿದ ಎರಡೂ ಕಡೆಯವರಲ್ಲಿ ಆ ಗೋಡೆಯ ಮುಂದೆ ಅರ್ಧ ಗಂಟೆ ನಿಂತವರೆಷ್ಟು? ನೋಡದ ಚಿತ್ರಕ್ಕಾಗಿ ಜಗಳವಾಡುವುದು ಸುಲಭ. ನೋಡಿದರೆ ಮಾತಾಡಬೇಕಾಗುತ್ತದೆ.

ಆದ್ದರಿಂದ ನಮ್ಮ ಬೇಡಿಕೆ ಸರಳವಾದದ್ದು. ದೇವನಹಳ್ಳಿಯಲ್ಲಿ, ಬಸ್ ಇಳಿದು ನಡೆದು ಹೋಗುವಷ್ಟು ದೂರದಲ್ಲಿ, ಒಂದು ಸಾರ್ವಜನಿಕ ಚಿತ್ರಶಾಲೆ ಬೇಕು. ಅಮೃತಶಿಲೆಯ ಮಹಲು ಬೇಡ. ನಾಲ್ಕು ಗಟ್ಟಿ ಗೋಡೆ, ಒಳ್ಳೆಯ ಬೆಳಕು, ಪರಿಷತ್ತಿನ ಸಂಗ್ರಹದಿಂದ ಆಗಾಗ ಬಂದು ಹೋಗುವ ತೊಗಲುಗೊಂಬೆಗಳು, ದರಿಯಾ ದೌಲತ್ ಗೋಡೆಯ ದೊಡ್ಡ ಛಾಯಾಚಿತ್ರ, ದೊಡ್ಡಬಳ್ಳಾಪುರದ ನೇಕಾರರ ವಿನ್ಯಾಸಗಳು. ಎಲ್ಲಕ್ಕಿಂತ ಮುಖ್ಯವಾಗಿ, ಕಲೆಯ ಇತಿಹಾಸ ಓದಿದ, ಹಳ್ಳಿಯ ಮಕ್ಕಳಿಗೆ ಕನ್ನಡದಲ್ಲೂ ಉರ್ದುವಿನಲ್ಲೂ ಚಿತ್ರ ತೋರಿಸಿ ಕಥೆ ಹೇಳಬಲ್ಲ ಒಬ್ಬ ನಿರ್ದೇಶಕ. ರಜೆಯಲ್ಲಿ ನಮ್ಮ ಮದ್ರಸದ ಮಕ್ಕಳೂ ಸರ್ಕಾರಿ ಶಾಲೆಯ ಮಕ್ಕಳೂ ಒಂದೇ ಸಾಲಿನಲ್ಲಿ ಅಲ್ಲಿಗೆ ಹೋಗಲಿ.

ಆ ಬಾಗಿಲಲ್ಲಿ ನಿಲ್ಲುವ ಕಾವಲುಗಾರ, “ಯಾರನ್ನ ನೋಡ್ಬೇಕಮ್ಮ?” ಎಂದು ಕೇಳದಿರಲಿ.